ಗುದ್ದಣ್ಣನ ಅರಕ್ನೋಫೋಬಿಯಾ

ಗುದ್ದಣ್ಣ ಮನೆ ಕಟ್ಟುವವನಲ್ಲ, ಒಡೆಯುವವನು. ಕಟ್ಟಿದವರ ಹೆಸರನ್ನು ಲೋಕ ಕಲ್ಲಿನಲ್ಲಿ ಕೆತ್ತಿಸುತ್ತದೆ. ಒಡೆದವನ ಹೆಸರು ಕೆತ್ತೋಣವೆಂದರೆ ಕಲ್ಲೇ ಉಳಿದಿರುವುದಿಲ್ಲ. ಈ ಅನ್ಯಾಯ ನಮ್ಮ ಬೀದಿಯವರಿಗಾದರೂ ತಿಳಿದಿರಬೇಕು. ಯಾಕೆಂದರೆ ನಮ್ಮಲ್ಲಿ ಅರ್ಧ ಜನ ಒಂದಲ್ಲ ಒಂದು ದಿನ ಅವನ ಕೈಯಲ್ಲಿ ಏಟು ತಿಂದವರೇ.

ಆಳು ಆರಡಿ. ಕುತ್ತಿಗೆ ಎನ್ನುವುದು ಅವನಿಗಿಲ್ಲ, ತಲೆಯನ್ನು ನೇರವಾಗಿ ಹೆಗಲ ಮೇಲೆ ಇಟ್ಟು ಗಾರೆ ಮೆತ್ತಿದ ಹಾಗಿದೆ. ಅವನ ಸಮ್ಮಟಿಗೆ ಏಳು ಕೇಜಿ. ನಾವು ಸೊಳ್ಳೆ ಬ್ಯಾಟು ಬೀಸುವಷ್ಟು ಸಲೀಸಾಗಿ ಅವನು ಅದನ್ನು ಬೀಸುತ್ತಾನೆ. ಒಮ್ಮೆ ಬೆಳಗಿನ ಆರು ಗಂಟೆಗೆ ಅವನ ಕಿಟಕಿಯ ಕೆಳಗೆ ಲಾರಿ ನಿಲ್ಲಿಸಿಕೊಂಡು ಒಬ್ಬ ಡ್ರೈವರ್ ಹಾರ್ನ್ ಹೊಡೆಯುತ್ತಿದ್ದ. ಗುದ್ದಣ್ಣ ಕೆಳಗಿಳಿದು ಹೋಗಿ, ಸ್ಟೀರಿಂಗ್ ಚಕ್ರವನ್ನೇ ಕಿತ್ತು ಅವನ ಕೊರಳಿಗೆ ಹಾಕಿ ಬಂದ. ಇನ್ನೊಮ್ಮೆ ಕಳ್ಳನೊಬ್ಬ ಸಿಕ್ಕಿಬಿದ್ದಾಗ ಅವನನ್ನು ಎತ್ತಿ ಹೆಂಚಿನ ಮೇಲೆ ಎಸೆದ. ಪೊಲೀಸರು ಏಣಿ ತರಬೇಕಾಯಿತು. ಕಳ್ಳ ಇಳಿಯುವುದಕ್ಕೇ ಒಪ್ಪಲಿಲ್ಲ. "ಆತ ಹೋದ ಮೇಲೆ ಬರ್ತೀನಿ ಸಾರ್, ಇಲ್ಲಿ ಗಾಳಿ ಚೆನ್ನಾಗಿದೆ" ಎಂದ.

ಇಂಥ ವೀರನಿಗೆ ಜೇಡ ಎಂದರೆ ಜೀವಭಯ.

ಯಾಕೆ ಅಂತ ಕೇಳಿದವರುಂಟು. ಚಿಕ್ಕಂದಿನಲ್ಲಿ ಏನಾದರೂ ಆಗಿತ್ತಾ, ಕತ್ತಲಕೋಣೆಯಲ್ಲಿ ಯಾರಾದರೂ ಕೂಡಿಹಾಕಿದ್ದರಾ, ಕಚ್ಚಿತ್ತಾ ಎಂದೆಲ್ಲ ಕೆದಕಿದವರುಂಟು. ಗುದ್ದಣ್ಣನ ಉತ್ತರ ಒಂದೇ: "ಎಂಟು ಕಾಲು. ಇನ್ನೇನು ಕಾರಣ ಬೇಕು ನಿಂಗೆ?"

ಈ ಗುಟ್ಟು ಮೊದಲು ತಿಳಿದದ್ದು ಅವನ ಹೆಂಡತಿಗೆ. ಬೀದಿಗೆಲ್ಲ ಆಕೆ ಅತ್ತಿಗೆ. ಮದುವೆಯಾದ ಮೂರನೇ ವಾರ ಗುದ್ದಣ್ಣ ಸ್ನಾನಕ್ಕೆ ಹೋದ. ಒಳಗಿಂದ ಒಂದು ಕೂಗು, ಆಮೇಲೆ ಒಂದು ಸಿಡಿಲು. ಬಚ್ಚಲುಮನೆಯ ಗೋಡೆ ಬಾಯಿ ಬಿಟ್ಟಿತು. ಮೈತುಂಬ ಸೋಪಿನ ನೊರೆ, ನೊರೆ ಬಿಟ್ಟರೆ ಬೇರೇನೂ ಇಲ್ಲದ ಗಂಡ, ಇಟ್ಟಿಗೆಗಳ ನಡುವಿನಿಂದ ಅಂಗಳಕ್ಕೆ ಹಾರಿ ಬಂದ.

"ರೀ, ಬಾಗಿಲಿತ್ತಲ್ಲ!" ಎಂದಳು ಅತ್ತಿಗೆ.

"ಬಾಗಿಲ ಮೇಲೆ ಅದು ಕೂತಿತ್ತು. ಅದಿಲ್ಲದ ಕಡೆಯಿಂದ ಬಂದೆ."

ಅತ್ತಿಗೆ ಒಳಗೆ ಹೋಗಿ, ಚಪ್ಪಲಿ ಕಳಚಿ, ಫಟ್ ಎಂದು ಒಂದು ಕೊಟ್ಟು, ಅವನಿಗೊಂದು ಟವೆಲ್ ತಂದು ಕೊಟ್ಟಳು. ಅಂದಿನಿಂದ ಆ ಸಂಸಾರದಲ್ಲಿ ಸಮ್ಮಟಿಗೆ ಅವನದು, ಚಪ್ಪಲಿ ಅವಳದು.

ಈಗ ಕಷ್ಟ ಎಲ್ಲಿದೆ ನೋಡಿ. ಒಡೆಯಲಿಕ್ಕೆ ಕೊಡುವುದು ಹಳೆಯ ಕಟ್ಟಡ, ಜೇಡಕ್ಕೆ ಬೇಕಾದದ್ದೂ ಹಳೆಯ ಕಟ್ಟಡ. ಮೇಲಾಗಿ ಅವರ ಕಸುಬಿನಲ್ಲಿ ಒಂದು ನೇಮವಿದೆ. ಮೊದಲ ಏಟು ಬೀಳುವ ಮುಂಚೆ ಮೇಸ್ತ್ರಿ ಒಬ್ಬನೇ ಕಟ್ಟಡದೊಳಗೆ ಹೋಗಬೇಕು. ಪುಟ್ಟ ಸುತ್ತಿಗೆಯಿಂದ ಒಂದೊಂದೇ ಗೋಡೆಯನ್ನು ತಟ್ಟಿ, ಕಿವಿಯಿಟ್ಟು ಕೇಳಬೇಕು. ಯಾವ ಗೋಡೆ ಸುಮ್ಮನೆ ನಿಂತಿದೆ, ಯಾವುದು ಮಾಡನ್ನು ಹೊತ್ತು ನಿಂತಿದೆ ಎಂದು ಗೋಡೆಯೇ ಹೇಳುತ್ತದಂತೆ. ಒಡೆಯಬಹುದಾದದ್ದಕ್ಕೆ ಸೀಮೆಸುಣ್ಣದಲ್ಲಿ ಕತ್ತರಿ ಗುರುತು, ಕೊನೆಯವರೆಗೂ ಮುಟ್ಟಬಾರದ್ದಕ್ಕೆ ಸೊನ್ನೆ. ಇದಕ್ಕೆ 'ತಟ್ಟು' ಎನ್ನುತ್ತಾರೆ. ತಟ್ಟು ಶುರುವಾಗಿ ಮುಗಿಯುವವರೆಗೆ ಇನ್ನೊಬ್ಬ ಹೊಸ್ತಿಲು ದಾಟುವಂತಿಲ್ಲ. ತಟ್ಟುವವನೇ ಮೇಸ್ತ್ರಿ, ಅವನ ಕೈಯಲ್ಲೇ ದೊಡ್ಡ ಸಮ್ಮಟಿಗೆ.

ಗುದ್ದಣ್ಣನಷ್ಟು ಚೆನ್ನಾಗಿ ಗೋಡೆಯ ಮಾತು ಕೇಳುವವರು ಇನ್ನೊಬ್ಬರಿರಲಿಲ್ಲ. ಆದರೆ ಗೋಡೆಗೆ ಕಿವಿಯಿಡಬೇಕಾದರೆ ಗೋಡೆಯ ಮೇಲೆ ಬೇರೆ ಯಾರೂ ಇರಬಾರದಲ್ಲ! ಹಾಗಾಗಿ ಇಪ್ಪತ್ತೆರಡು ವರ್ಷ, ಪ್ರತಿ ಕೆಲಸದ ಮೊದಲ ದಿನ, ಅತ್ತಿಗೆ ಉದ್ದನೆಯ ಕೋಲಿಗೆ ಪೊರಕೆ ಕಟ್ಟಿಕೊಂಡು ಗಂಡನಿಗಿಂತ ಅರ್ಧ ಗಂಟೆ ಮುಂಚೆ ಬರುತ್ತಿದ್ದಳು. ಮೂಲೆ, ಜಂತಿ, ಕಿಟಕಿ ಎಲ್ಲ ಗುಡಿಸಿ, ಅಲ್ಲಿದ್ದವರನ್ನೆಲ್ಲ ಪರಲೋಕಕ್ಕೆ ಕಳಿಸಿ, ಸೆರಗು ಕೊಡವಿಕೊಂಡು ಹೊರಗೆ ಬಂದು "ಹೋಗಿ" ಎನ್ನುತ್ತಿದ್ದಳು. ಗುದ್ದಣ್ಣ ಎದೆಯುಬ್ಬಿಸಿ ಒಳಗೆ ಹೋಗುತ್ತಿದ್ದ.

ಒಡೆಯುವ ಮನೆಯನ್ನು ಗುಡಿಸುವುದು ಯಾಕೆ ಎಂದು ಆಳುಗಳು ಮೊದಮೊದಲು ತಲೆ ಕೆರೆದುಕೊಂಡರು. ಆಮೇಲೆ ತಮಗೆ ತಾವೇ ಒಂದು ಅರ್ಥ ಕಟ್ಟಿಕೊಂಡರು: ಮನೆಗೆ ಕೊನೆಯ ಮರ್ಯಾದೆ. ಇವರ ಗುಂಪಿನಲ್ಲಿ ಒಂದು ದಿನವೂ ಅವಘಡ ಆಗದಿದ್ದುದನ್ನು ನೋಡಿ ಪಕ್ಕದ ಗುಂಪಿನವರೂ ಗುಡಿಸತೊಡಗಿದರು. ಅದಕ್ಕೂ ಪಕ್ಕದವರು ನೀರು ಚಿಮುಕಿಸಿ ಗುಡಿಸತೊಡಗಿದರು. ಒಬ್ಬ ಮೇಸ್ತ್ರಿಯಂತೂ ಕೆಡವಬೇಕಾದ ಮನೆಯ ಕಿಟಕಿಗಾಜು ಒರೆಸಿ ಫಳಫಳ ಮಾಡಿ, ಆಮೇಲೆ ಅದಕ್ಕೇ ಸಮ್ಮಟಿಗೆ ಬೀಸುತ್ತಿದ್ದ. ಒಂದು ಹೆದರಿಕೆ ಹೀಗೆ ಊರಿಗೇ ನೇಮವಾಯಿತು.

ಗುಟ್ಟು ರಟ್ಟಾದದ್ದು ಅತ್ತಿಗೆಗೆ ಜ್ವರ ಬಂದ ದಿನ. ಬೆಳಿಗ್ಗೆ ಏಳಲಾರದೆ ಮಲಗಿದ್ದಳು. "ಇವತ್ತು ಬೇಡ ಕಣ್ರೀ, ನಾಳೆ ತಟ್ಟಿ" ಎಂದಳು. ಆದರೆ ಆಳುಗಳು ಬಂದು ನಿಂತಿದ್ದರು. ಅವರ ಮುಂದೆ ಅವಳ ತಮ್ಮನೂ ನಿಂತಿದ್ದ.

ಈ ಭಾವಮೈದನ ಬಗ್ಗೆ ಎರಡು ಮಾತು ಹೇಳಬೇಕು. ಹದಿನೈದು ವರ್ಷ ಗುದ್ದಣ್ಣನ ಎಡಗಡೆ ನಿಂತು ಕೆಲಸ ಮಾಡಿದವನು. ತೋಳಿನಲ್ಲಿ ಕಸುವಿತ್ತು, ಕಿವಿಯಲ್ಲಿ ಮಾತ್ರ ಏನೂ ಇರಲಿಲ್ಲ. ಮೊದಲು ಹೊಡೆದು ಆಮೇಲೆ ಕೇಳುವ ಜಾತಿ. ಅವನ ಕಣ್ಣು ಹದಿನೈದು ವರ್ಷದಿಂದ ಆ ಸಮ್ಮಟಿಗೆಯ ಹಿಡಿಯ ಮೇಲೇ ಇತ್ತು.

"ಏನ್ ಭಾವ, ಇವತ್ತು ಅಕ್ಕ ಗುಡಿಸಲ್ವಾ? ಹಾಗಾದ್ರೆ ನೀವೂ ಒಳಗೆ ಹೋಗಲ್ವಾ?" ಎಂದ ಭಾವಮೈದ, ತಮಾಷೆಗೆ.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, ಗುದ್ದಣ್ಣ ಕೆಂಪಾಗಿ ಒಳಗೆ ನುಗ್ಗಿದ. ಎರಡು ನಿಮಿಷ ಸದ್ದಿಲ್ಲ. ಮೂರನೇ ನಿಮಿಷಕ್ಕೆ ಆ ಮನೆಯ ಪಕ್ಕದ ಗೋಡೆ ಸಿಡಿದು, ಗುದ್ದಣ್ಣ ಬೀದಿಗೆ ಬಂದ. ತಲೆಗೂದಲನ್ನು ಎರಡೂ ಕೈಯಿಂದ ಬಾಚಿಕೊಳ್ಳುತ್ತ, ಅಂಗಿ ಹರಿದುಕೊಳ್ಳುತ್ತ, "ತೆಗೀರೋ! ತೆಗೀರೋ ಅದನ್ನ!" ಎಂದು ಕುಣಿಯುತ್ತಿದ್ದ. ಅವನ ಬೆನ್ನ ಮೇಲಿದ್ದದ್ದು ಶೇಂಗಾಬೀಜದಷ್ಟು ಗಾತ್ರದ ಒಂದು ಜೇಡ. ಪಾಪ, ಅದಕ್ಕೂ ಕೈಕಾಲು ನಡುಗುತ್ತಿತ್ತು. ಅದಕ್ಕೆ ನಡುಗಿಸಲು ಎಂಟಿದ್ದವು ಅಷ್ಟೆ.

ಮೊದಲು ನಕ್ಕದ್ದು ಭಾವಮೈದ. "ಅಯ್ಯೋ ಭಾವ! ಇಪ್ಪತ್ತೆರಡು ವರ್ಷ ಇದಕ್ಕಾ ಗುಡಿಸಿದ್ದು ನಮ್ಮಕ್ಕ? ಪುಕ್ಕಲ! ಹೆಂಡತಿ ಸೆರಗಿನ ಪುಕ್ಕಲ!"

ಆಮೇಲೆ ನಡೆದದ್ದನ್ನು ನಮ್ಮ ಬೀದಿ ಇವತ್ತಿಗೂ ಸವಿಯುತ್ತದೆ. ಗುದ್ದಣ್ಣನ ಬಲಗೈ ಬಂತು. ಭಾವಮೈದನ ಮುಂದಿನ ಎರಡು ಹಲ್ಲು ಹೋದವು. ಅವನೂ ಸುಮ್ಮನಿರುವ ಕುಳವಲ್ಲ. ಸಲಿಕೆ ಬೀಸಿ ಭಾವನ ಹುಬ್ಬು ಸೀಳಿದ. ಗುದ್ದಣ್ಣ ಅವನನ್ನು ನಡುವಿಗೆ ಹಿಡಿದೆತ್ತಿ ಮರಳಿನ ಗುಡ್ಡೆಗೆ ತಲೆಕೆಳಗಾಗಿ ನಾಟಿದ. ಅವನು ಎದ್ದು ಬಂದು ಭಾವನ ಕಿವಿ ಕಚ್ಚಿದ, ಹಲ್ಲಿಲ್ಲದ್ದರಿಂದ ಅದು ಬರೀ ಚೀಪಿದಂತಾಯಿತು. ಹೊರಳಾಡಿ ಹೊರಳಾಡಿ ಇಬ್ಬರೂ ದರ್ಜಿಯ ಅಂಗಡಿ ಹೊಕ್ಕರು. ಹೊಲಿಗೆ ಯಂತ್ರ ಮುರಿಯಿತು, ಮೂರು ಪ್ಯಾಂಟಿಗೆ ರಕ್ತದ ಬಣ್ಣ ಬಂತು. ಗುಂಪಿನ ಹಿರಿಯಾಳು ತಾತ ಬಕೆಟ್ಟಿನಲ್ಲಿ ತಣ್ಣೀರು ತಂದು ಸುರಿಯುವವರೆಗೂ ರಣರಂಗ ಮುಗಿಯಲಿಲ್ಲ.

ಕಂಟ್ರಾಕ್ಟರು ಬಂದರು. ಅವರು ಅಡ್ಡಗೋಡೆಯ ಮೇಲೆ ದೀಪ ಇಡುವುದರಲ್ಲಿ ನಿಸ್ಸೀಮರು. "ನೋಡಪ್ಪಾ, ನೀನು ಹೆದರ್ತೀಯ ಅಂತ ನಾನು ಹೇಳಲ್ಲ. ಹೆದರಲ್ಲ ಅಂತಲೂ ಹೇಳಲ್ಲ. ಡಾಕ್ಟರ ಹತ್ರ ಹೋಗು. ಕಾಯಿಲೆ ಆದ್ರೆ ಕಾಗದ ತಾ, ಪುಕ್ಕಲುತನ ಆದ್ರೆ ಸಮ್ಮಟಿಗೆ ತಾ" ಎಂದರು.

ನಮ್ಮ ಬೀದಿಯ ಡಾಕ್ಟರಮ್ಮ ಸಣ್ಣ ಆಳು, ದೊಡ್ಡ ಕನ್ನಡಕ. ಹುಬ್ಬಿಗೆ ಆರು ಹೊಲಿಗೆ ಹಾಕುತ್ತಲೇ ವಿಚಾರಿಸಿದರು.

"ಯಾವತ್ತಾದ್ರೂ ಕಚ್ಚಿದೆಯಾ?"

"ಇಲ್ಲ."

"ಮತ್ತೇನ್ ಮಾಡತ್ತೆ?"

"ನೋಡತ್ತೆ."

ಡಾಕ್ಟರಮ್ಮ ಸೂಜಿ ಕೆಳಗಿಟ್ಟರು. ದಪ್ಪ ಪುಸ್ತಕವೊಂದನ್ನು ತೆರೆದು ಒಂದು ಚಿತ್ರ ತೋರಿಸಿದರು. ಮರುಕ್ಷಣ ಗುದ್ದಣ್ಣನ ಮುಷ್ಟಿ ಪುಸ್ತಕದ ಮೇಲೆ ಬಿತ್ತು. ಮೇಜಿನ ಹಲಗೆ ಎರಡಾಯಿತು. ಮಸಿ, ಮಾತ್ರೆ, ಹತ್ತಿ ಎಲ್ಲ ನೆಲಕ್ಕೆ. ಡಾಕ್ಟರಮ್ಮ ರೆಪ್ಪೆ ಮಿಟುಕಿಸಲಿಲ್ಲ.

"ಗೊತ್ತಾಯ್ತು. ಇದಕ್ಕೊಂದು ಹೆಸರಿದೆ. ಅರಕ್ನೋಫೋಬಿಯಾ. ಗ್ರೀಕ್ ಮಾತು. ಮೊದಲರ್ಧ ಅಂದ್ರೆ ಜೇಡ, ಎರಡನೇ ಅರ್ಧ ಅಂದ್ರೆ ಭಯ."

ಗುದ್ದಣ್ಣ ಬಾಯಿ ತೆರೆದು ಕೂತ. ಇಷ್ಟು ವರ್ಷ ತನ್ನೊಳಗೆ ಅನಾಮಧೇಯವಾಗಿ ಬಿದ್ದಿದ್ದ ಒಂದು ಅವಮಾನಕ್ಕೆ ಹೆಸರಿದೆ! ಅದೂ ಏಳು ಕೇಜಿ ತೂಕದ ಹೆಸರು!

"ಅಂದ್ರೆ ನನ್ನ ಥರದವರು ಬೇರೆಯೋರೂ ಇದ್ದಾರಾ?"

"ಇಲ್ದೆ ಇದ್ರೆ ಹೆಸರಿಡ್ತಿದ್ರಾ? ಆದ್ರೆ ಕೇಳಿ, ಈ ಪದಾನ ಎಲ್ಲರಿಗೂ ಹಚ್ಚಬಾರದು. ಜೇಡ ನೋಡಿ ಛೀ ಅಂತ ಮುಖ ಸಿಂಡರಿಸೋದು ಬರೀ ಅಸಹ್ಯ, ಅದು ಇದಲ್ಲ. ಅಪಾಯ ಇಲ್ಲ ಅಂತ ಬುದ್ಧಿಗೆ ಗೊತ್ತಿರತ್ತೆ, ಕಾಲಿಗೆ ಗೊತ್ತಿರಲ್ಲ. ಜೇಡ ಇಲ್ಲದ ಕಡೆನೂ ಇದ್ದೀತು ಅಂತ ಬಳಸಿಕೊಂಡು ಓಡಾಡೋ ಹಾಗಾಗತ್ತೆ. ವರ್ಷಗಟ್ಟಲೆ. ಅಂಥದ್ದಕ್ಕೆ ಮಾತ್ರ ಈ ಪದ."

ಗುದ್ದಣ್ಣ ಒಂದೊಂದು ಮಾತನ್ನೂ ಗೋಡೆಯ ಸದ್ದು ಕೇಳುವಂತೆ ಕೇಳಿದ. ಡಾಕ್ಟರಮ್ಮ ಕಾಗದ ತೆಗೆದುಕೊಂಡರು. "ಎಲ್ಲರಿಗೂ ತಿಳಿಯೋ ಹಾಗೆ ಜೇಡಭೀತಿ ಅಂತ ಬರೆದುಕೊಡ್ಲಾ?"

"ಬೇಡ ಡಾಕ್ಟರಮ್ಮ! ಅದು ಎಲ್ಲರಿಗೂ ತಿಳಿದುಬಿಡತ್ತೆ. ಆ ದೊಡ್ಡದನ್ನೇ ಬರೀರಿ."

ಆ ಕಾಗದಕ್ಕೆ ಪ್ಲಾಸ್ಟಿಕ್ ಹೊದಿಸಿ, ಜೇಬಿನಲ್ಲಿಟ್ಟುಕೊಂಡು, ಯುದ್ಧ ಗೆದ್ದು ಬಂದವನಂತೆ ಗುದ್ದಣ್ಣ ಬೀದಿಗಿಳಿದ. ಕಂಡಕಂಡವರಿಗೆ ತೋರಿಸಿದ. ಮೊದಲ ಎರಡು ದಿನ ಜನ ಗಾಬರಿಯಾದರು. ಕ್ಷೌರದವನು "ಅಂಟತ್ತಾ ಅಣ್ಣಾ?" ಎಂದು ಹೊಸ ಬ್ಲೇಡು ತೆಗೆದ. ಆಮೇಲೆ ಪದ ಜನರ ಬಾಯಿಗೆ ಬಿತ್ತು. ಜನರ ಬಾಯಿಗೆ ಬಿದ್ದ ಮೇಲೆ ಕೇಳಬೇಕೆ? ಇಡೀ ಬೀದಿಗೇ ಕಾಯಿಲೆ ಬಂತು. ಹಾಲಿನವನಿಗೆ ಬೆಳಿಗ್ಗೆ ಏಳುವುದೆಂದರೆ ಅರಕ್ನೋ. ಮೇಷ್ಟರಿಗೆ ಎರಡನೇ ಅವಧಿಯ ತರಗತಿ ಎಂದರೆ ಅರಕ್ನೋ.

ಇದು ಗುದ್ದಣ್ಣನಿಗೆ ಸಹಿಸಲಾಗದ ಅನಾಚಾರ. ಕಷ್ಟಪಟ್ಟು, ಹುಬ್ಬು ಸೀಳಿಸಿಕೊಂಡು, ಮೇಜು ಮುರಿದು ಸಂಪಾದಿಸಿದ ಪದ. ಅದನ್ನು ಕಂಡವರೆಲ್ಲ ಪುಕ್ಕಟೆ ಬಳಸುವುದೆಂದರೇನು? ಅವನು ಆ ಪದಕ್ಕೆ ಕಾವಲು ನಿಂತ. ವಿದ್ವಾಂಸರು ತಪ್ಪು ಬಳಕೆಯನ್ನು ಕೆಂಪು ಮಸಿಯಲ್ಲಿ ತಿದ್ದುತ್ತಾರೆ. ಗುದ್ದಣ್ಣನೂ ಕೆಂಪಿನಲ್ಲೇ ತಿದ್ದುತ್ತಿದ್ದ, ಮಸಿ ಮಾತ್ರ ತಿದ್ದಿಸಿಕೊಂಡವರ ಮೂಗಿನಿಂದ ಬರುತ್ತಿತ್ತು.

ದರ್ಜಿಯ ಪ್ರಸಂಗವೇ ಸಾಕು. ಅವನು ಅಂಗಡಿಯಲ್ಲಿ ಕೂತು, "ನನಗಂತೂ ಅತ್ತೆ ಬಂದ್ರೆ ಅರಕ್ನೋಫೋಬಿಯಾ ಕಣಯ್ಯಾ" ಎಂದು ಗಿರಾಕಿಗೆ ಹೇಳಿ ನಕ್ಕ. ಹಿಂದೆ ಗುದ್ದಣ್ಣ ನಿಂತಿದ್ದ. ದರ್ಜಿಯ ಕೊರಳಪಟ್ಟಿ ಹಿಡಿದು ಅಂಗಡಿಯಿಂದ ಈಚೆಗೆ ಎಳೆದ.

"ನಿಮ್ಮತ್ತೆಗೆ ಎಷ್ಟು ಕಾಲು?"

"ಎ... ಎರಡು ಅಣ್ಣ."

ಕಪಾಳಕ್ಕೆ ಒಂದು. "ಅವಳನ್ನ ಕಂಡ್ರೆ ಗೋಡೆ ಒಡಕೊಂಡು ಓಡ್ತೀಯಾ?"

"ಇಲ್ಲಣ್ಣ, ಕಾಫಿ ಮಾಡಿಕೊಡ್ತೀನಿ."

ಇನ್ನೊಂದು. "ಹಾಗಾದ್ರೆ ಅದೇನು?"

"ಅಸಹ್ಯ ಅಣ್ಣ, ಬರೀ ಅಸಹ್ಯ!"

"ಹಾಂ. ಪದ ಸರಿಯಾಗಿ ಬಳಸು" ಎಂದು ಗುದ್ದಣ್ಣ ಅವನನ್ನು ಅವನದೇ ಇಸ್ತ್ರಿ ಮೇಜಿನ ಮೇಲೆ ಮಡಿಸಿಟ್ಟು ಹೋದ. ಇಷ್ಟರ ಮೇಲೂ ದುರದೃಷ್ಟ ನೋಡಿ, ಅತ್ತೆ ಅಂಗಡಿಯ ಹಿಂದೆಯೇ ಕೂತು ಗುಂಡಿ ಹೊಲಿಯುತ್ತಿದ್ದಳು. ದರ್ಜಿಗೆ ಎರಡನೇ ಪಾಠ ಅವಳಿಂದ, ಅಳತೆಕೋಲಿನಲ್ಲಿ ಆಯಿತು.

ಹೀಗೆ ಒಂದು ತಿಂಗಳಿಗೆ ನಮ್ಮ ಬೀದಿಯಲ್ಲಿ ಆ ಪದವನ್ನು ತಪ್ಪಾಗಿ ಬಳಸುವವರೇ ಇಲ್ಲವಾದರು. ಸರಿಯಾಗಿ ಬಳಸಬಲ್ಲವನು ಒಬ್ಬನೇ, ಗುದ್ದಣ್ಣ.

ಆದರೆ ಕಾಗದದಿಂದ ಗೋಡೆ ಬೀಳುವುದಿಲ್ಲ. ಭಾವಮೈದ ಎರಡು ಹೊಸ ಹಲ್ಲು ಕಟ್ಟಿಸಿಕೊಂಡು ಕಂಟ್ರಾಕ್ಟರ ಹತ್ತಿರ ಹೋದ. "ಕಾಯಿಲೆ ಇರೋರು ಮೇಸ್ತ್ರಿ ಆಗಿರಬಹುದಾ ಸಾರ್? ಅಕ್ಕ ಪೊರಕೆ ಹಿಡಿದು ಮುಂದೆ, ಭಾವ ಸಮ್ಮಟಿಗೆ ಹಿಡಿದು ಹಿಂದೆ. ಊರು ನಗತ್ತೆ" ಎಂದ. ಕಂಟ್ರಾಕ್ಟರು ಮೊದಲ ಬಾರಿಗೆ ದೀಪವನ್ನು ಗೋಡೆಯಿಂದ ಇಳಿಸಿದರು. ಬರುವ ಸೋಮವಾರ ಹಳೆಯ ಸಾಬೂನು ಕಾರ್ಖಾನೆ ಒಡೆಯಬೇಕು. ನಲವತ್ತೊಂದು ಗೋಡೆ. ಪೊರಕೆಯಿಲ್ಲ, ಹೆಂಡತಿಯಿಲ್ಲ. ಗುದ್ದಣ್ಣ ಪೂರ್ತಿ ತಟ್ಟಿದರೆ ಮೇಸ್ತ್ರಿ ಪಟ್ಟ ಅವನದೇ, ಮಧ್ಯದಲ್ಲಿ ಓಡಿದರೆ ಭಾವಮೈದನದು. ಓಡಿದರೆ ಗುದ್ದಣ್ಣನಿಗೆ ಉಳಿಯುವುದು ಕಲ್ಲು ಹೊರುವ ಕೆಲಸ, ಅದೂ ಭಾವಮೈದನ ಕೈಕೆಳಗೆ.

ಆ ರಾತ್ರಿ ಊಟಕ್ಕೆ ಕೂತಾಗ ಅತ್ತಿಗೆ ಕೇಳಿದಳು. "ಬಿಟ್ಟುಬಿಡಿ ಅಂದ್ರೆ ಬಿಡ್ತೀರಾ?"

"ನಿನ್ ತಮ್ಮನಿಗೆ ಕಿವಿ ಇಲ್ಲ ಕಣೇ. ಅವನು ತಟ್ಟಿದ ಕಟ್ಟಡದಲ್ಲಿ ಆಳುಗಳು ನಿಂತ್ಕೋಬೇಕು. ಅದಕ್ಕೋಸ್ಕರ ಬಿಡಲ್ಲ" ಎಂದ ಗುದ್ದಣ್ಣ. ಅನ್ನ ಕಲಸುತ್ತ, "ಮರ್ಯಾದೆಗೂ ಬಿಡಲ್ಲ" ಎಂದು ಸೇರಿಸಿದ.

ಸೋಮವಾರ. ಕಾರ್ಖಾನೆಯ ಬಾಗಿಲು ಹತ್ತು ವರ್ಷದಿಂದ ತೆರೆದಿರಲಿಲ್ಲ. ತೆರೆದಾಗ ಒಳಗಿನ ಬಲೆಗಳು ಪರದೆಗಳಂತೆ ಅಲ್ಲಾಡಿದವು. ಗೇಟಿನ ಹೊರಗೆ ಅತ್ತಿಗೆ ಪೊರಕೆಯನ್ನು ಎದೆಗವಚಿಕೊಂಡು ನಿಂತಳು. ಇಲ್ಲೇ ಒಂದು ತಪ್ಪಾಯಿತು. "ಒಳಗೆ ಏನ್ ಮಾಡ್ತಾರೋ ಯಾರಿಗ್ಗೊತ್ತು? ಗೋಡೆ ಮುಟ್ಟದೇನೇ ಗುರುತು ಹಾಕಿ ಬಂದ್ರೆ? ನಾವೂ ನೋಡಬೇಕು" ಎಂದು ಭಾವಮೈದ ಹಟ ಹಿಡಿದ. ತಟ್ಟುವಾಗ ಒಳಗೆ ಒಬ್ಬನೇ ಎಂಬ ನೇಮವನ್ನು ಅಂದು ಮೊದಲ ಸಲ ಮುರಿದರು. ತಾತನೂ ಸೇರಿ ಏಳು ಜನ ಆಳುಗಳು, ಜೊತೆಗೆ ಭಾವಮೈದ, ಗುದ್ದಣ್ಣನ ಬೆನ್ನ ಹಿಂದೆಯೇ ಒಳಗೆ ಬಂದರು. ಕಂಟ್ರಾಕ್ಟರು ಬಾಗಿಲಲ್ಲಿ ನಿಂತರು.

ಗುದ್ದಣ್ಣ ಆ ದಿನ ತೋರಿದ ಶೌರ್ಯವನ್ನು ಶಾಸನದಲ್ಲಿ ಬರೆಯಬೇಕು. ಅಂಗಿ ಬೆವರಿನಲ್ಲಿ ತೊಯ್ದು ಮೈಗೆ ಅಂಟಿತ್ತು. ಪ್ರತಿ ಬಲೆಯ ಮುಂದೆ ನಿಂತು, ಒಳಗಿನವನ ಮುತ್ತಾತನವರೆಗೆ ಬೈದು, ಕೈ ಚಾಚಿ ತಟ್ಟಿ, ಕಣ್ಣು ಮುಚ್ಚಿ ಕಿವಿಯಿಟ್ಟು, ಗುರುತು ಹಾಕಿ, ಹಿಂದಕ್ಕೆ ಹಾರುತ್ತಿದ್ದ. ಕತ್ತರಿ ಗುರುತುಗಳೆಲ್ಲ ನಡುಗಿ ಕೋಳಿ ಕೆದರಿದಂತಾಗಿದ್ದವು. ಆದರೂ ಹತ್ತಾಯಿತು, ಇಪ್ಪತ್ತಾಯಿತು, ಮೂವತ್ತಾಯಿತು. ಆಳುಗಳ ನಗು ನಿಂತಿತು. ನಲವತ್ತಾದಾಗ ತಾತ, "ಆಯ್ತು ಮಗಾ, ಇನ್ನೊಂದೇ" ಎಂದ. ಭಾವಮೈದನ ಮುಖ ಇಂಗು ತಿಂದ ಮಂಗನಂತಾಗಿತ್ತು.

ನಲವತ್ತೊಂದನೆಯದು ಸಾಬೂನು ಒಣಗಿಸುತ್ತಿದ್ದ ದೊಡ್ಡ ಹಜಾರದ ಹಿಂಗೋಡೆ. ಎರಡಾಳೆತ್ತರ. ಗುದ್ದಣ್ಣ ತಟ್ಟಿದ. ಸದ್ದು ಸರಿ ಬರಲಿಲ್ಲ. ಮತ್ತೆ ತಟ್ಟಿದ. ಹುಬ್ಬು ಗಂಟಿಕ್ಕಿ, ಗೋಡೆಗೆ ಕೆನ್ನೆಯೊತ್ತಿ ಕಿವಿಯಿಟ್ಟ. ಅಷ್ಟರಲ್ಲಿ ಕಿವಿಯ ಪಕ್ಕದ ಬಿರುಕಿನಿಂದ ಒಂದು ಕಾಲು ಹೊರಗೆ ಬಂತು. ನಿಧಾನವಾಗಿ ಇನ್ನೊಂದು ಬಂತು. ಹಾಗೆ ಎಂಟೂ ಬಂದು, ಅವನ ಕಿವಿಯ ಹಾಲೆಯ ಮೇಲೆ ಹತ್ತಿ ನಿಂತವು. ಅದರ ಹಿಂದೆ ಇನ್ನೊಂದು, ಅದರ ಹಿಂದೆ ಹತ್ತು. ಅಜ್ಜ ಅಜ್ಜಿ ಮೊಮ್ಮಕ್ಕಳ ಸಮೇತ ಒಂದು ಇಡೀ ವಂಶ ಬಿರುಕಿನಿಂದ ದಡದಡ ಇಳಿದು ಬಂತು.

"ಅರಕ್ನೋ...!"

ಪದದ ಉತ್ತರಾರ್ಧ ಹೊರಗೆ ಹೋಗಿ ಬಿತ್ತು. ಗುದ್ದಣ್ಣ ಇಬ್ಬರನ್ನು ಕೆಡವಿ, ಒಬ್ಬನನ್ನು ತುಳಿದು, ಕಂಟ್ರಾಕ್ಟರನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ಬಾಲ ಸುಟ್ಟ ಬೆಕ್ಕಿನಂತೆ ಅಂಗಳಕ್ಕೆ ಹಾರಿದ. ಕಿವಿ ಕಿತ್ತುಕೊಳ್ಳುತ್ತ ನೆಲದಲ್ಲಿ ಉರುಳಿದ. ಇಂಥ ತಮಾಷೆ ಯಾರಾದರೂ ಬಿಡುತ್ತಾರೆಯೇ? ಬಿದ್ದವರು ಎದ್ದು, ತುಳಿಸಿಕೊಂಡವನು ಕುಂಟುತ್ತ, ಏಳು ಜನರೂ ಹೊಟ್ಟೆ ಹಿಡಿದುಕೊಂಡು ನಗುತ್ತ ನೋಡಲು ಹೊರಗೆ ಓಡಿ ಬಂದರು.

ಒಳಗುಳಿದವನು ಭಾವಮೈದ ಒಬ್ಬನೇ. ಅವನಿಗೆ ಬೇಕಾದದ್ದು ಒಳಗೇ ಬಿದ್ದಿತ್ತು. ಗುದ್ದಣ್ಣ ಹೊತ್ತು ತಂದು ಬಿಟ್ಟೋಡಿದ್ದ ಸಮ್ಮಟಿಗೆಯನ್ನು ಎತ್ತಿಕೊಂಡ. "ನೋಡ್ಕೊಳ್ರೋ, ಹೊಸಾ ಮೇಸ್ತ್ರಿ!" ಎಂದು ಕೂಗಿ, ಗುರುತೇ ಇಲ್ಲದ ಆ ನಲವತ್ತೊಂದನೇ ಗೋಡೆಗೆ ಬೀಸಿ ಒಂದು ಬಿಟ್ಟ.

ಗೋಡೆ ಅದನ್ನೇ ಕಾಯುತ್ತಿದ್ದಂತಿತ್ತು. ಅದರ ಬೆನ್ನು ಯಾವಾಗಲೋ ಬಿರಿದಿತ್ತು. ಒಳಗೊಳಗೇ ಸರಿಯುತ್ತಿದ್ದ ಇಟ್ಟಿಗೆಗಳ ನಡುವಿಂದಲೇ ಆ ಜೇಡಗಳ ಸಂಸಾರ ಗಂಟುಮೂಟೆ ಕಟ್ಟಿ ಹೊರಟದ್ದು. ಮೊದಲು ಮೇಲಿನ ಸಾಲು ಬಾಗಿತು, ಆಮೇಲೆ ನಡು ಉಬ್ಬಿತು, ಆಮೇಲೆ ಇಡೀ ಹಜಾರ ಗುಡುಗಿ ಕುಸಿಯಿತು. ತೊಲೆಗಳು ಮುರಿದವು, ತಗಡು ಚೀರಿತು. ಐದು ನಿಮಿಷದ ಹಿಂದೆ ಏಳು ಜನ ಸಾಲಾಗಿ ನಿಂತಿದ್ದ ಜಾಗದ ಮೇಲೆ ಮೊಣಕಾಲೆತ್ತರ ಇಟ್ಟಿಗೆ ಬಿತ್ತು. ಬಿಳಿಯ ಧೂಳು ಅಂಗಳ ತುಂಬಿತು. ನಗುತ್ತಿದ್ದವರ ಬಾಯಿ ತೆರೆದದ್ದು ತೆರೆದೇ ಉಳಿಯಿತು.

ಧೂಳಿನೊಳಗಿಂದ ಒಂದು ದನಿ ಬಂತು. "ಭಾವಾ... ಕಾಲು... ಭಾವಾ..."

ಯಾರೂ ಅಲುಗಲಿಲ್ಲ. ಅರ್ಧ ಮಾಡು ಇನ್ನೂ ತೂಗಾಡುತ್ತಿತ್ತು. ಎಲ್ಲಿ ಕಾಲಿಡಬಹುದು, ಎಲ್ಲಿ ಇಡಬಾರದು ಎಂದು ಕೇಳಿ ಹೇಳಬಲ್ಲ ಕಿವಿ ಒಂದೇ. ಆ ಕಿವಿಯ ಒಡೆಯ ನೆಲದಲ್ಲಿ ಕೂತು ಅದನ್ನೇ ಉಜ್ಜಿಕೊಳ್ಳುತ್ತಿದ್ದ. ಅತ್ತಿಗೆ ಗೇಟು ದಾಟಿ ಬಂದಳು. ಗಂಡನ ಮುಂದೆ ನಿಂತಳು.

"ಏಳ್ರೀ. ನಾನು ಮುಂದೆ ಹೋಗ್ತೀನಿ. ನೀವು ಕಣ್ಣು ಮುಚ್ಚಿ. ಕಿವಿ ಮಾತ್ರ ತೆರೆದಿಟ್ಕೊಳ್ಳಿ."

ಹೀಗೆ ಹೊರಟಿತು ಆ ಸೈನ್ಯ. ಮುಂದೆ ಅತ್ತಿಗೆ, ಎಡಕ್ಕೂ ಬಲಕ್ಕೂ ಪೊರಕೆ ಬೀಸಿ ಶತ್ರುಸಂಹಾರ ಮಾಡುತ್ತ. ಹಿಂದೆ ಗುದ್ದಣ್ಣ, ಅವಳ ಹೆಗಲ ಮೇಲೆ ಒಂದು ಕೈ, ಕಣ್ಣು ಬಿಗಿಯಾಗಿ ಮುಚ್ಚಿ, ಇನ್ನೊಂದು ಕೈಯಿಂದ ಅಳಿದುಳಿದ ಗೋಡೆ ತಟ್ಟುತ್ತ. "ಇಲ್ಲಿ ಬೇಡ, ಬಲಕ್ಕೆ... ಈ ಕಂಬ ನಿಲ್ಲತ್ತೆ... ಬಾ." ತೊಲೆಯ ಅಡಿಯಲ್ಲಿ ಭಾವಮೈದ ಸಿಕ್ಕಿದ್ದ. ಎಡಗಾಲು ಮೊಣಕಾಲಿನ ಕೆಳಗೆ ಹೋಗಬಾರದ ದಿಕ್ಕಿಗೆ ಹೋಗಿತ್ತು. ಹೊಸ ಹಲ್ಲೆರಡೂ ಮತ್ತೆ ಇರಲಿಲ್ಲ.

"ಎಲ್ಲಿದೆ ತೊಲೆ?" ಎಂದ ಗುದ್ದಣ್ಣ, ಕಣ್ಣು ಬಿಡದೆ.

"ನಿಮ್ಮ ಮುಂದೆ, ಮೊಣಕಾಲಿನ ಮಟ್ಟ."

ನಾಲ್ಕು ಜನ ಎತ್ತುವ ತೊಲೆಯನ್ನು ಒಬ್ಬನೇ ಎತ್ತಿದ. ಹುಬ್ಬಿನ ಹಳೆಯ ಗಾಯ ಬಿರಿದು ರಕ್ತ ಮುಖದ ಮೇಲೆ ಇಳಿಯಿತು. ಅತ್ತಿಗೆ ತಮ್ಮನನ್ನು ಕಂಕುಳಿಗೆ ಕೈಹಾಕಿ ಎಳೆದಳು. ಗುದ್ದಣ್ಣ ಅವನನ್ನು ಹೆಗಲ ಮೇಲೆ ಹಾಕಿಕೊಂಡು, ಹೆಂಡತಿಯ ಸೆರಗಿನ ತುದಿ ಹಿಡಿದು, ಕುರುಡನಂತೆ ಹೊರಗೆ ನಡೆದ. ಹಿಂದೆ ಉಳಿದರ್ಧ ಮಾಡು ಕುಸಿಯಿತು.

ಅಂಗಳಕ್ಕೆ ಬಂದದ್ದೇ ಬಿಸಿಲು ಮುಖಕ್ಕೆ ಬಿತ್ತು. ಗೆದ್ದೆವು ಎಂದು ಗುದ್ದಣ್ಣ ಕಣ್ಣು ಬಿಟ್ಟ. ಬಿಡಬಾರದಿತ್ತು. ಮೂಗಿನಿಂದ ಮೂರು ಬೆರಳಿನ ದೂರದಲ್ಲಿ, ಭಾವಮೈದನ ಕಾಲರಿನ ಮೇಲೆ, ಅದು ಕೂತು ನೋಡುತ್ತಿತ್ತು.

ಭಾವಮೈದ ಆಕಾಶಮಾರ್ಗವಾಗಿ ಹೋಗಿ ಮರಳಿನ ಗುಡ್ಡೆಯಿಂದ ಒಂದು ಗೇಣು ಆಚೆ ಬಿದ್ದ. ಅವನ ಕಾಲು ಮುರಿದದ್ದು ಗೋಡೆ, ಕೈ ಮುರಿದದ್ದು ಭಾವ. ಆಸ್ಪತ್ರೆಯ ಕಾಗದದಲ್ಲಿ ಎರಡನ್ನೂ ಒಂದೇ ಸಾಲಿನಲ್ಲಿ ಬರೆದುಕೊಂಡರು.

ಸಂಜೆ ಕಂಟ್ರಾಕ್ಟರು ಗುಂಪನ್ನು ಸೇರಿಸಿದರು. "ಮಾತು ಅಂದ್ರೆ ಮಾತು. ಗುದ್ದಣ್ಣ ಓಡಿದ. ಹಾಗಂತ..." ಎಂದು ಮತ್ತೆ ದೀಪವನ್ನು ಗೋಡೆಯ ಮೇಲಿಡಲು ನೋಡಿದರು. ತಾತ ಎದ್ದು ನಿಂತ.

"ಸಾರ್, ನಲವತ್ತು ವರ್ಷ ಈ ಕೆಲಸ ಮಾಡಿದ್ದೀನಿ. ಧೈರ್ಯವಂತ ಮೇಸ್ತ್ರಿಗಳನ್ನ ಆರು ಜನರನ್ನ ಮಣ್ಣು ಮಾಡಿದ್ದೀನಿ. ನಮಗೆ ಓಡೋನೇ ಇರಲಿ. ಅವನು ಓಡಿದ್ರೆ ನಾವೂ ಓಡ್ತೀವಿ."

ಏಳೂ ಜನ ಕೈ ಎತ್ತಿದರು. ಸಮ್ಮಟಿಗೆ ಗುದ್ದಣ್ಣನಲ್ಲೇ ಉಳಿಯಿತು. ಉಳಿದರೂ ಅದು ಮೊದಲಿನ ರೀತಿಯಲ್ಲಿ ಅಲ್ಲ. ತಟ್ಟುವ ಮುಂಚೆ ಗುಡಿಸುವುದನ್ನು ಅವರು ನಿಲ್ಲಿಸಿದರು. ಆಳುಗಳೇ ಬೇಡವೆಂದರು. ಬಿರುಕಿನಲ್ಲಿರುವವರು ಹೇಳುವುದನ್ನು ಹೇಳಿಕೊಳ್ಳಲಿ ಎಂದು. ಗುಂಪಿನಲ್ಲಿ ಯಾರೇ ಆಗಲಿ ಮೇಲೆ ಒಂದು ಕಲ್ಲು ಸಡಿಲಾದದ್ದನ್ನು ಕಂಡರೆ ಕೂಗುವುದು ಒಂದೇ ಮಾತು: "ಅರಕ್ನೋ!" ಕೂಗು ಬಿತ್ತೆಂದರೆ ಕೈಯಲ್ಲಿದ್ದುದನ್ನು ಬಿಟ್ಟು ಎದ್ದೆನೋ ಬಿದ್ದೆನೋ ಎಂದು ಹೊರಗೆ ಬರಬೇಕು. ಪಕ್ಕದ ಗುಂಪುಗಳೂ ಈಗ ಹಾಗೇ ಕೂಗುತ್ತವೆ. ಕಿಟಕಿಗಾಜು ಒರೆಸುತ್ತಿದ್ದ ಮೇಸ್ತ್ರಿ ಮಾತ್ರ ಒರೆಸಿಯೂ ಒರೆಸುತ್ತಾನೆ, ಕೂಗಿಯೂ ಕೂಗುತ್ತಾನೆ.

ಡಾಕ್ಟರಮ್ಮನ ದವಾಖಾನೆಯ ಎದುರಿನ ಕಟ್ಟಡ ಒಡೆಯುವಾಗ ಈ ಕೂಗು ಕೇಳಿ ಅವರು ಕನ್ನಡಕ ಸರಿಮಾಡಿಕೊಂಡು ಹೊರಗೆ ಬಂದರು. "ಏನ್ರೀ ಇದು? ಆ ಪದದ ಅರ್ಥ ಇದಲ್ಲ ಅಂತ ನಿಮಗೆ ಹೇಳಿದ್ದೆ. ದರ್ಜಿಗೆ ಇದಕ್ಕೇ ಹೊಡೆದವರು ನೀವೇ ತಾನೆ?"

ಗುದ್ದಣ್ಣ ತಲೆ ಕೆರೆದುಕೊಂಡ. "ಹೌದು ಡಾಕ್ಟರಮ್ಮ. ಪುಸ್ತಕದಲ್ಲಿ ನೀವು ಹೇಳಿದ್ದೇ ಇರಲಿ. ಆದ್ರೆ ಈ ಏಳು ಜನಕ್ಕೆ ಅದನ್ನ ತಿದ್ದೋಕೆ ಹೋಗಬೇಡಿ, ಅವರು ಅದನ್ನ ಕೇಳಿ ಬದುಕಿದೋರು." ಆ ಸಂಜೆ ದರ್ಜಿಯ ಅಂಗಡಿಗೆ ಹೋಗಿ ಒಂದು ಹೊಸ ಹೊಲಿಗೆ ಯಂತ್ರ ಇಟ್ಟು ವಾಪಸು ಬಂದ.

ಭಾವಮೈದ ಈಗ ಕುಂಟುತ್ತ ಕೆಲಸಕ್ಕೆ ಬರುತ್ತಾನೆ. ಗುರುತು ಹಾಕುವ ಸೀಮೆಸುಣ್ಣ ಇಟ್ಟುಕೊಳ್ಳುವುದು ಅವನ ಕೆಲಸ, ಕೂಗು ಬಿದ್ದಾಗ ಎಲ್ಲರಿಗಿಂತ ಮೊದಲು ಓಡುವವನೂ ಅವನೇ. ಮೊನ್ನೆ ಹಳೆಯ ಶಾಲೆಯೊಂದರಲ್ಲಿ ತಟ್ಟು ನಡೆಯುತ್ತಿತ್ತು. ಒಳಗಿನಿಂದ "ಅರಕ್ನೋ!" ಎಂದು ಸಿಡಿಲಿನಂಥ ಕೂಗು. ಗುದ್ದಣ್ಣ ಹಾರಿ ಬಂದ. ಹೊಸ್ತಿಲಲ್ಲಿ ಕಾದಿದ್ದವರೆಲ್ಲ ಬೀದಿಯ ಆಚೆ ಬದಿಗೆ ಓಡಿ, ಉಸಿರು ಬಿಗಿಹಿಡಿದು ಗೋಡೆ ನೋಡುತ್ತ ನಿಂತರು. ಐದು ನಿಮಿಷ. ಹತ್ತು ನಿಮಿಷ. ಗೋಡೆ ಬೀಳಲಿಲ್ಲ.

"ಭಾವ, ಗೋಡೆನಾ? ಅದಾ?" ಎಂದು ಭಾವಮೈದ ಮೆಲ್ಲಗೆ ಕೇಳಿದ.

"ನಂಗೇನ್ ಗೊತ್ತು? ನಾನು ನಿಂತು ವಿಚಾರಿಸಿದ್ನಾ?"

ಅತ್ತಿಗೆ ಮರದ ನೆರಳಿನಿಂದ ಎದ್ದಳು. ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದು ಒಳಗೆ ಹೋದಳು. ಎಲ್ಲರೂ ಕಿವಿಗೊಟ್ಟು ನಿಂತರು.

ಫಟ್.

"ಬನ್ನಿ" ಎಂಬ ದನಿ ಕೇಳಿಸಿತು.